ದವಾಖಾನೆ ಕನಕಣ್ಣ

ಮಸ್ಕಿಯ ಗುಡ್ಡದ ಬುಡದ ಓಣಿಯಲ್ಲಿ ಕನಕರಾಯನನ್ನು ಬರೀ ಹೆಸರಿನಿಂದ ಕರೆಯುವವರು ಯಾರೂ ಇರಲಿಲ್ಲ. ಎಲ್ಲರ ಬಾಯಲ್ಲೂ ಅವನು ದವಾಖಾನೆ ಕನಕಣ್ಣ. ಬೆಳಿಗ್ಗೆ ಎಂಟರ ಸಿಂಧನೂರು ಬಸ್ಸಿಗೆ ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಟ್ಟು, ಬುತ್ತಿಯ ಡಬ್ಬಿ ಹಿಡಿದು ಹೊರಟರೆ, ಪಂಕ್ಚರ್ ಅಂಗಡಿಯ ಶಾವಲಿ ಕೈಯಲ್ಲಿನ ಟ್ಯೂಬನ್ನು ತೊಟ್ಟಿಯ ನೀರಿನಲ್ಲಿ ಬಿಟ್ಟು ಎದ್ದು ನಿಲ್ಲುತ್ತಿದ್ದ.

"ಡ್ಯೂಟಿಗೆ ಹೊಂಟ್ಯೇನಣ್ಣ?"

"ಹೌದಪ. ಇವತ್ತು ಆಪರೇಷನ್ ಭಾಳ ಅದಾವ."

ಕನಕರಾಯ ಹೇಳುತ್ತಿದ್ದುದರಲ್ಲಿ ಅರ್ಧ ನಿಜವಿತ್ತು. ಅವನು ದಿನವೂ ಹೋಗುತ್ತಿದ್ದುದು ಸಿಂಧನೂರಿನ ಒಂದು ದೊಡ್ಡ ಖಾಸಗಿ ದವಾಖಾನೆಗೇ. ಅಲ್ಲಿ ಆಪರೇಷನ್‌ಗಳೂ ಆಗುತ್ತಿದ್ದವು. ಆದರೆ ಅವನಿಗೆ ಅಲ್ಲಿ ನೌಕರಿ ಇರಲಿಲ್ಲ. ರೋಗಿಗಳ ಜೊತೆ ಬಂದ ಮಂದಿ ತೂಕಡಿಸುವಾಗ, ಬಿಲ್ಲು ಕಟ್ಟುವ ಕಿಟಕಿಯ ಮುಂದೆ ನೂಕಾಡುವಾಗ, ಮಂಚದ ಮೇಲೆ ಬಿಟ್ಟ ಫೋನು, ಕಂಬಿಗೆ ನೇತು ಹಾಕಿದ ಚೀಲ ಎತ್ತಿಕೊಳ್ಳುವುದು ಅವನ ಕಸುಬು.

ಹನ್ನೊಂದು ವರ್ಷದ ಹಿಂದೆ ಅವನು ನಾಲ್ಕು ತಿಂಗಳು ನಿಜಕ್ಕೂ ವಾರ್ಡ್‌ಬಾಯ್ ಆಗಿದ್ದ. ಅದು ಒಂದು ಸಣ್ಣ ನರ್ಸಿಂಗ್ ಹೋಮು. ಡಾಕ್ಟರು ಊರು ಬಿಟ್ಟರು, ಬಾಗಿಲಿಗೆ ಬೀಗ ಬಿತ್ತು. ಆ ಸುದ್ದಿ ಹೇಳಬೇಕೆಂದು ಕನಕರಾಯ ಮನೆಗೆ ಬಂದ ದಿನ ಹೆಂಡತಿ ಯಮನಮ್ಮ ಬಾಗಿಲಲ್ಲಿ ಕೂತು ಓಣಿಯ ಹೆಂಗಸರಿಗೆ ಗಂಡನ ನೌಕರಿಯ ಮಾತೇ ಹೇಳುತ್ತಿದ್ದಳು. ಮಗಳು ಜ್ಯೋತಿ, ಆಗ ಏಳು ವರ್ಷದವಳು, ಅವನ ಹಳೆಯ ಮಾಸ್ಕು ಮೂಗಿಗೆ ಕಟ್ಟಿಕೊಂಡು ಗೊಂಬೆಗೆ ಸೂಜಿ ಚುಚ್ಚುತ್ತಿದ್ದಳು. ನಾಳೆ ಹೇಳಿದರಾಯಿತು ಅಂದುಕೊಂಡ. ಮರುದಿನವೂ ಬಿಳಿ ಅಂಗಿ ತೊಟ್ಟು ಸಿಂಧನೂರಿಗೆ ಹೋದ. ಕೆಲಸ ಕೇಳಲು ಹೋಗಿ ದೊಡ್ಡ ದವಾಖಾನೆಯ ಕಟ್ಟೆಯ ಮೇಲೆ ಕೂತಿದ್ದಾಗ, ಪಕ್ಕದಲ್ಲಿ ಮಲಗಿದ್ದವನ ಫೋನು ಅಂಗಿಯ ಜೇಬಿನಿಂದ ಜಾರಿ ಇವನ ತೊಡೆಯ ಹತ್ತಿರ ಬಿತ್ತು. ಎಬ್ಬಿಸಿ ಕೊಡಬೇಕೆಂದು ಕೈಗೆ ತಗೊಂಡವನು ಕೊಡದೆ ಎದ್ದು ನಡೆದ. ನಾಳೆ ಹೇಳಿದರಾಯಿತು ಎಂದ ಮಾತು ಅಲ್ಲಿಗೇ ಉಳಿಯಿತು. ದೊಡ್ಡ ದವಾಖಾನೆಯಲ್ಲಿ ಕೆಲಸ ಸಿಕ್ಕಿತೆಂದು ಮನೆಯಲ್ಲಿ ಹೇಳಿದ.

ಆಮೇಲೆ ಅವನು ಆ ಕಟ್ಟಡವನ್ನು ಅಲ್ಲಿಯ ಡಾಕ್ಟರುಗಳಿಗಿಂತ ಚೆನ್ನಾಗಿ ತಿಳಿದುಕೊಂಡ. ಕ್ಯಾಮೆರಾ ಎಲ್ಲಿದೆ, ರೌಂಡ್ಸು ಯಾವಾಗ, ಯಾವ ವಾರ್ಡಿನ ಮಂದಿ ಯಾವಾಗ ಚಹಾಕ್ಕೆ ಇಳಿಯುತ್ತಾರೆ, ಎಲ್ಲ ಗೊತ್ತಿತ್ತು. ಗೋಡೆಯ ಮೇಲೆ "ನಿಮ್ಮ ವಸ್ತುಗಳಿಗೆ ನೀವೇ ಜವಾಬ್ದಾರರು" ಎಂದು ಬರೆದಿತ್ತು. ಓದಲು ಬಾರದ ಮಂದಿಗೆ ಕನಕರಾಯನೇ ಅದನ್ನು ಓದಿ ಹೇಳುತ್ತಿದ್ದ. ಅವರು "ಪುಣ್ಯಾತ್ಮ" ಅಂದು ತಮ್ಮ ಚೀಲ ಅವನ ಕೈಗೇ ಕೊಟ್ಟು ಔಷಧ ತರಲು ಹೋಗುತ್ತಿದ್ದರು. ಮುದುಕರಿಗೆ ನೀರು ತಂದುಕೊಡುತ್ತಿದ್ದ, ಸ್ಟ್ರೆಚರ್ ತಳ್ಳುತ್ತಿದ್ದ. ಕಸ ಗುಡಿಸುವ ಸೂಗಮ್ಮನಿಗೆ ಎಲೆ ಅಡಿಕೆ ಕೊಡುತ್ತಿದ್ದ. ಅವನು ಯಾರೋ ರೋಗಿಯ ಸಂಬಂಧಿಕನೆಂದು ಸಿಬ್ಬಂದಿ ತಿಳಿದಿದ್ದರು, ಸಂಬಂಧಿಕರು ಅವನನ್ನು ಸಿಬ್ಬಂದಿ ಎಂದುಕೊಳ್ಳುತ್ತಿದ್ದರು. ಸಿಕ್ಕ ಮಾಲನ್ನು ವಾರಕ್ಕೊಮ್ಮೆ ಲಿಂಗಸುಗೂರಿಗೆ ಒಯ್ದು ಮೊಬೈಲ್ ರಿಪೇರಿಯ ನರಸಣ್ಣನಿಗೆ ಕೊಡುತ್ತಿದ್ದ. ಮನೆಯಲ್ಲಿ ಅದಕ್ಕೆ "ಲಿಂಗಸುಗೂರು ಬ್ರಾಂಚ್ ಡ್ಯೂಟಿ" ಎಂಬ ಹೆಸರು.

ಒಮ್ಮೆ ಶಾವಲಿಯ ತಾಯಿಗೆ ಎದೆನೋವು ಬಂತು. ಓಣಿಯೆಲ್ಲ ಸೇರಿ ಕನಕಣ್ಣನನ್ನು ಮುಂದೆ ಮಾಡಿತು. ದವಾಖಾನೆಯಲ್ಲಿ ತನ್ನ ಗುಟ್ಟು ಬಯಲಾದೀತೆಂದು ಅವನಿಗೆ ಹೆದರಿಕೆ. ಆದರೂ ಆ ಮುದುಕಿಯನ್ನು ಗಾಲಿಕುರ್ಚಿಯಲ್ಲಿ ಕೂರಿಸಿ, ಸಾಲಿನಲ್ಲಿ ನಿಂತವರಿಗೆ "ಸರೀರಿ, ಎಮರ್ಜೆನ್ಸಿ ಐತಿ" ಎನ್ನುತ್ತ ನೇರ ಒಳಗೆ ತಳ್ಳಿಕೊಂಡು ಹೋದ. ಹೊಸ ಡಾಕ್ಟರು ಅವನ ಮುಖ ನೋಡಿ "ಇಸಿಜಿಗೆ ಒಯ್ಯಿ" ಎಂದರು. ಒಯ್ದ. ಮುದುಕಿ ಉಳಿದಳು. ಡಾಕ್ಟರೇ ಕನಕಣ್ಣನ ಕೂಡ ಮಾತಾಡಿದರೆಂದು ಶಾವಲಿ ವಾರಗಟ್ಟಲೆ ಹೇಳಿಕೊಂಡು ತಿರುಗಿದ. ಆ ದಿನ ಕನಕರಾಯ ಏನೂ ಕದಿಯಲಿಲ್ಲ. ಸಂಜೆ ಬಸ್ಸಿನಲ್ಲಿ ಕಿಟಕಿಗೆ ತಲೆ ಕೊಟ್ಟು ಕೂತಾಗ, ತಾನು ನಿಜವಾಗಿಯೂ ಕೆಲಸ ಮುಗಿಸಿ ಮನೆಗೆ ಹೋಗುತ್ತಿದ್ದೇನೆ ಎಂದು ಅವನಿಗೆ ಅನಿಸಿತು. ಆ ಸುಖ ಎರಡು ದಿನ ಉಳಿಯಿತು.

ಜ್ಯೋತಿ ಪಿಯುಸಿ ಸೈನ್ಸ್ ಪಾಸಾದಳು. ಅಂಕಪಟ್ಟಿ ತಂದು ಅಪ್ಪನ ಮುಂದೆ ಇಟ್ಟು, "ಯಪ್ಪಾ, ನಾ ನರ್ಸಿಂಗ್ ಹೋಗ್ತೀನಿ. ಸಿಂಧನೂರಾಗ ಸೀಟು ಸಿಗತೈತಿ" ಎಂದಳು.

ಕನಕರಾಯ ಕೈಯಲ್ಲಿನ ರೊಟ್ಟಿಯನ್ನು ತಾಟಿನಲ್ಲಿ ಇಟ್ಟ. "ಅದ್ಯಾಕ ಬೇಕವ್ವ? ರಾತ್ರಿ ಹಗಲು ದುಡಿತ. ಹೇಲು ಉಚ್ಚಿ ಬಳೀಬೇಕು. ಟೀಚರ್ ಆಗು, ನೆಳ್ಳಾಗ ಇರ್ತಿ."

"ನೀ ಬಳದಿಲ್ಲೇನು ಹನ್ನೊಂದು ವರ್ಷ? ನಿನಗ ಆಗಿದ್ದು ನನಗ ಆಗಂಗಿಲ್ಲೇನು?"

ಯಮನಮ್ಮ ಒಲೆಯ ಮುಂದಿನಿಂದಲೇ ನಕ್ಕಳು. "ನಿಮ್ಮ ಮಗಳ್ರೀ ಅಕಿ. ಸಣ್ಣಾಕಿ ಇದ್ದಾಗಿಂದ ಗೊಂಬಿಗೆ ಸೂಜಿ ಚುಚ್ಚಾಕಿ. ಈಗ ಬ್ಯಾಡಂದ್ರ ಕೇಳ್ತಾಳೇನು?"

ಜ್ಯೋತಿ ನರ್ಸಿಂಗ್ ಶಾಲೆ ಸೇರಿದಳು. ಕೆಲವು ತಿಂಗಳು ಪಾಠ, ಆಮೇಲೆ ವಾರ್ಡಿನಲ್ಲಿ ಕಲಿಕೆ. ಆ ಕಲಿಕೆಗೆ ಶಾಲೆಯವರು ಮಕ್ಕಳನ್ನು ಕಳಿಸುತ್ತಿದ್ದುದು ಅದೇ ದೊಡ್ಡ ದವಾಖಾನೆಗೆ ಎಂದು ತಿಳಿದ ದಿನ ಕನಕರಾಯ ಮನೆಯಲ್ಲಿ ಹೊಸ ಸುದ್ದಿ ಹೇಳಿದ: ತನಗೆ ಲಿಂಗಸುಗೂರಿಗೆ ಪೂರಾ ವರ್ಗವಾಗಿದೆ. ಅಂದಿನಿಂದ ಬೆಳಿಗ್ಗೆ ಮಗಳು ಪೂರ್ವಕ್ಕೆ ಸಿಂಧನೂರಿನ ಬಸ್ಸು ಹತ್ತಿದರೆ ಅಪ್ಪ ಪಶ್ಚಿಮಕ್ಕೆ ಲಿಂಗಸುಗೂರಿನ ಬಸ್ಸು ಹತ್ತುತ್ತಿದ್ದ.

ವಾರ್ಡಿಗೆ ಹೋಗತೊಡಗಿ ಎಂಟು ದಿನವಾಗಿರಬೇಕು. ಒಂದು ಬೆಳಿಗ್ಗೆ ಬಸ್ ನಿಲ್ದಾಣದಲ್ಲಿ ಜ್ಯೋತಿ ಕೇಳಿದಳು, "ಯಪ್ಪಾ, ಅಲ್ಲಿ ಸೂಗಮ್ಮಂತ ಒಬ್ಬಾಕಿ ಅದಾಳ. ಹದಿನೈದು ವರ್ಷದಿಂದ ಅಲ್ಲೇ ಅದಾಳಂತ. ಕನಕರಾಯ ಅನ್ನೋರು ಯಾರೂ ಇದ್ದಿಲ್ಲ ಅಂದ್ಳು."

"ಅಕಿಗೇನು ಗೊತ್ತವ್ವ. ನಾವು ಏಜೆನ್ಸಿ ಮಂದಿ. ನಮ್ಮ ಹೆಸರು ಯಾರು ಹಿಡೀತಾರ ಅಲ್ಲಿ? ಏ ತಮ್ಮಾ, ಏ ಅಣ್ಣಾ, ಅಷ್ಟ."

ಮಗಳು ಅವನ ಮುಖವನ್ನು ಸ್ವಲ್ಪ ಹೊತ್ತು ನೋಡಿದಳು. "ಹೌದೇನು" ಎಂದಳು. ಸಿಂಧನೂರಿನ ಬಸ್ಸು ಬಂತು. ಆಧಾರ್ ಕಾರ್ಡ್ ಕೈಯಲ್ಲಿ ಹಿಡಿದು ಹೆಂಗಸರ ಗುಂಪಿನಲ್ಲಿ ನುಗ್ಗಿ ಹತ್ತಿಕೊಂಡಳು. ಮತ್ತೆಂದೂ ಆ ಮಾತು ತೆಗೆಯಲಿಲ್ಲ. ನಂಬಿದಳೆಂದು ಕನಕರಾಯ ನಿರಾಳವಾದ.

ಲಿಂಗಸುಗೂರು ಅವನಿಗೆ ಒಗ್ಗಲಿಲ್ಲ. ಅಲ್ಲಿಯ ದವಾಖಾನೆಗಳು ಸಣ್ಣವು, ಯಾರು ಯಾರೆಂದು ಎಲ್ಲರಿಗೂ ಗೊತ್ತು. ಎರಡು ಕಡೆ ಸುಮ್ಮನೆ ಕೂತದ್ದಕ್ಕೇ "ಯಾರ ಕಡೆಯವ ನೀನು?" ಎಂದು ಕೇಳಿದರು. ಒಂದು ಕಡೆ ನಿಜವಾದ ಕೆಲಸವನ್ನೂ ಕೇಳಿ ನೋಡಿದ. ಹಿಂದೆ ಎಲ್ಲಿ ಮಾಡಿದ್ದೆ, ಯಾರಿಂದ ಚೀಟಿ ತರುತ್ತಿ ಎಂದರು. ಎದ್ದು ಬಂದ. ದಿನವೆಲ್ಲ ಬಸ್ ನಿಲ್ದಾಣದ ಕಲ್ಲುಬೆಂಚಿನ ಮೇಲೆ ಕೂತು, ಅಲ್ಲೇ ಬುತ್ತಿ ಉಂಡು, ಸಂಜೆ ದುಡಿದು ದಣಿದವನಂತೆ ಮನೆಗೆ ಹೋಗುವುದು ಶುರುವಾಯಿತು. ತಿಂಗಳ ಮೊದಲ ವಾರ ಸಂಬಳವೆಂದು ಯಮನಮ್ಮನ ಕೈಗೆ ಕೊಡುವ ದುಡ್ಡು ಹೊಂದಿಸುವುದೇ ಕಷ್ಟವಾಗತೊಡಗಿತು.

ಒಂದು ಗುರುವಾರ ಅವನು ಲಿಂಗಸುಗೂರಿನ ಬಸ್ಸು ಹತ್ತಲಿಲ್ಲ. ಗುರುವಾರ ಜ್ಯೋತಿಗೆ ಶಾಲೆಯಲ್ಲೇ ಪಾಠವೆಂದು ಅವನಿಗೆ ಗೊತ್ತಿತ್ತು. ಅವಳ ಬಸ್ಸು ಹೋದ ಮೇಲೆ ಮುಂದಿನ ಬಸ್ಸು ಹಿಡಿದು ಸಿಂಧನೂರಿಗೆ ಹೋದ.

ದವಾಖಾನೆಗೆ ಹೊಸ ಬಣ್ಣ ಬಳಿದಿದ್ದರು. ಉಳಿದದ್ದೆಲ್ಲ ಹಾಗೇ ಇತ್ತು. ಹನ್ನೊಂದರ ಹೊತ್ತಿಗೆ ನೋಡಲು ಬಂದವರ ಗದ್ದಲದಲ್ಲಿ ಅವನು ಹೆರಿಗೆ ವಾರ್ಡಿನ ಬಾಗಿಲಿಗೆ ಬಂದ. ಹೆರಿಗೆ ಕೋಣೆಗೆ ಒಯ್ಯುವ ಮುಂಚೆ ಬಸುರಿಯರ ಮೈಮೇಲಿನ ಬಂಗಾರ ತೆಗೆಸುತ್ತಾರೆಂದು ಅವನಿಗೆ ಗೊತ್ತಿತ್ತು. ಬಾಗಿಲ ಪಕ್ಕದ ಸ್ಟೂಲಿನ ಮೇಲೆ ಒಂದು ಕೆಂಪು ಕೈಚೀಲವಿತ್ತು. ಅದರಾಚೆ ಮಂಚದ ಮೇಲೆ ನೋವು ತಿನ್ನುತ್ತಿದ್ದ ಹುಡುಗಿ. ಮಾಸ್ಕು ಹಾಕಿದ ಟ್ರೇನಿ ನರ್ಸೊಬ್ಬಳು ಇವನಿಗೆ ಬೆನ್ನು ಮಾಡಿ ಬಿಪಿ ನೋಡುತ್ತಿದ್ದಳು. ಕನಕರಾಯ ಒಳಗೆ ಮೂರು ಹೆಜ್ಜೆ ಇಟ್ಟ, ಚೀಲ ಎತ್ತಿದ, ಹೊರಗೆ ಬಂದ. ಬಚ್ಚಲಲ್ಲಿ ನಿಂತು ತೆಗೆದು ನೋಡಿದರೆ ಒಳಗೆ ಅರಿವೆಯಲ್ಲಿ ಸುತ್ತಿದ, ಬಂಗಾರದ ಗುಂಡುಗಳ ಬೋರಮಾಳ ಸರವಿತ್ತು. ಮಧ್ಯಾಹ್ನಕ್ಕೆ ಅದು ಲಿಂಗಸುಗೂರಿನಲ್ಲಿ ನರಸಣ್ಣನ ಕೈ ಸೇರಿತು.

ಸಂಜೆ ಜ್ಯೋತಿ ಮನೆಗೆ ಬಂದಾಗ ಕಣ್ಣು ಬಾತಿದ್ದವು. ಯಮನಮ್ಮ ಗಾಬರಿಯಾಗಿ ಕೈ ಹಿಡಿದು ಕೂರಿಸಿದಳು.

"ಇವತ್ತು ಪಾಠ ಇದ್ದಿಲ್ಲ, ವಾರ್ಡಿಗೆ ಹಾಕಿದ್ರು" ಎಂದಳು ಜ್ಯೋತಿ. "ಜವಳಗೇರಾದಿಂದ ಆದೆಮ್ಮಂತ ಒಬ್ಬಾಕಿ ಮಗಳನ್ನ ಹೆರಿಗೆಗೆ ಕರ್ಕಂಡು ಬಂದಿದ್ಳು. ಅಕಿ ಬಿಸಿನೀರು ತರಾಕ ಹೋಗ್ಯಾಳ. ಮಂಚದ ಮ್ಯಾಲಿನ ಚೀಲ ಅಡ್ಡ ಆಕ್ಕಿತ್ತು, ನಾನ ತಗದು ಸ್ಟೂಲಿನ ಮ್ಯಾಲೆ ಇಟ್ಟೆ. ಚೀಲ ಹೋತು. ಆದೆಮ್ಮ ನನ್ನ ಮ್ಯಾಲೆ ಕೈ ತೋರ್ಸಿದ್ಳು. ಎಲ್ಲಾರ ಮುಂದ ನನ್ನ ಬ್ಯಾಗು ಝಾಡಿಸಿ ನೋಡಿದ್ರವ್ವ."

ಕನಕರಾಯ ಗೋಡೆಗೆ ಒರಗಿ ಕೂತಿದ್ದ. ಆ ಮಾಸ್ಕಿನ ಹುಡುಗಿಯ ಬೆನ್ನು ಅವನ ಕಣ್ಣ ಮುಂದೆ ಬಂತು. ತನ್ನ ಮಗಳ ಬೆನ್ನನ್ನು ತಾನು ಗುರುತಿಸಲಿಲ್ಲ.

ಜ್ಯೋತಿ ಅವನ ಕಡೆ ನೋಡಲಿಲ್ಲ. ತಾಯಿಗೇ ಹೇಳಿದಳು, "ಯಾರು ತಗಂಡಾರೋ ಅವ್ರು ನಾಳಿ ತಂದು ಇಟ್ಟುಬಿಟ್ರ ಸಾಕವ್ವ. ಯಾರೂ ಏನೂ ಕೇಳಂಗಿಲ್ಲಂತ ಮೇಡಂ ಹೇಳ್ಯಾರ. ಇಲ್ಲಾಂದ್ರ ಪೊಲೀಸ್ರಿಗೆ ಕೊಡ್ತಾರಂತ."

"ಕದ್ದ ಭಾಡ್ಯಾ ತಂದು ಇಡ್ತಾನೇನವ್ವ?" ಎಂದಳು ಯಮನಮ್ಮ. ಆಮೇಲೆ ಗಂಡನ ಕಡೆ ತಿರುಗಿ, "ನೀವರ ನಾಳಿ ಅಲ್ಲಿಗೆ ಹೋಗಿ ಮಾತಾಡ್ರಿ. ನಿಮ್ಮನ್ನ ಕಂಡ್ರ ಡಾಕ್ಟ್ರು ಕೇಳ್ತಾರಲ್ಲ" ಎಂದಳು.

"ಹೋಗ್ತೀನಿ" ಎಂದ ಕನಕರಾಯ.

ಮರುದಿನ ಮೊದಲ ಬಸ್ಸಿಗೆ ಅವನು ಲಿಂಗಸುಗೂರಿಗೆ ಹೋಗಿ ನರಸಣ್ಣನ ಅಂಗಡಿ ತೆರೆಯುವವರೆಗೆ ಕಟ್ಟೆಯ ಮೇಲೆ ಕೂತ. ಸರ ವಾಪಸ್ ಬೇಕೆಂದಾಗ ನರಸಣ್ಣ ನಕ್ಕುಬಿಟ್ಟ. "ಎಲ್ಲಿ ಸರ? ನಿನ್ನೆ ಸಂಜೀಕೇ ಅಕ್ಕಸಾಲಿ ಕರಗಿಸ್ಯಾನ. ಈಗದು ಗಟ್ಟಿ ಬಂಗಾರ ಆಗಿ ಎಲ್ಲಿಗೆ ಹೋತೋ." ಕನಕರಾಯ ಕಾಲು ಹಿಡಿದ. ನರಸಣ್ಣ ಕಾಲು ಎಳೆದುಕೊಂಡು, "ಹುಚ್ಚಗಿಚ್ಚ ಹಿಡದೈತೇನಲೇ ನಿನಗ? ಏಳು, ಗಿರಾಕಿ ಬರೋ ಹೊತ್ತು" ಎಂದ.

ಅಲ್ಲಿಂದ ಹತ್ತಿದ ಬಸ್ಸು ಮಸ್ಕಿಯಲ್ಲಿ ನಿಂತಾಗ ಅವನು ಇಳಿಯಲಿಲ್ಲ. ಸಿಂಧನೂರಿನವರೆಗೂ ಏನು ಹೇಳಬೇಕೆಂದು ಮನಸ್ಸಿನಲ್ಲೇ ಜೋಡಿಸಿಕೊಂಡ. ಹೆಚ್ಚೇನಿಲ್ಲ, ತಾನು ಕಳ್ಳ, ಚೀಲ ಒಯ್ದವನು ತಾನು, ಅಷ್ಟೇ. ಆದರೆ ಮ್ಯಾನೇಜರನ ಕೋಣೆಯ ಬಾಗಿಲು ತೆಗೆದಾಗ ಎದುರಿಗೆ ಜ್ಯೋತಿ ತಲೆ ತಗ್ಗಿಸಿ ನಿಂತಿದ್ದಳು. ಆದೆಮ್ಮ ಸೆರಗು ಬಾಯಿಗೆ ಒತ್ತಿ ಅಳುತ್ತಿದ್ದಳು. ಕನಕರಾಯ ಜೋಡಿಸಿಕೊಂಡ ಮಾತೆಲ್ಲ ಮರೆತ.

"ಸಾಹೇಬ್ರ, ಅಕಿ ಏನೂ ಮಾಡಿಲ್ರೀ" ಎಂದ. "ಅಕಿ ನನ್ನ ಮಗಳ್ರೀ. ಚೀಲ ನಾ ಒಯ್ದೀನ್ರೀ."

ಹನ್ನೊಂದು ವರ್ಷದಲ್ಲಿ ಆ ಕಟ್ಟಡದೊಳಗೆ ಅವನು ಆಡಿದ ಮೊದಲ ನಿಜ ಅದು. ಮ್ಯಾನೇಜರ್ ಅವನನ್ನು ಮೇಲಿಂದ ಕೆಳಗೆ ನೋಡಿದ. ಅವನ ದನಿಯಲ್ಲಿ ಸಿಟ್ಟಿಗಿಂತ ಮರುಕವೇ ಹೆಚ್ಚಿತ್ತು.

"ಮಗಳ ತಪ್ಪು ಮೈಮ್ಯಾಲೆ ಹಾಕ್ಕಳಾಕ ಬಂದೀಯೇನಪ? ಹಂಗಾರ ಅಕೀನ ತಗಂಡಾಳ ಅಂತ ಆತು. ಮನೀಗೆ ಹೋಗಿ ಸರ ತಂದು ಕೊಡು ನೋಡೋಣು."

"ಇಲ್ರೀ, ನಾ ಕಳ್ಳ ಅದೀನ್ರೀ. ಭಾಳ ವರ್ಷದಿಂದ ಇಲ್ಲೇ ಕದ್ದೀನ್ರೀ."

ಬಾಗಿಲಲ್ಲಿ ಕಸಬರಿಗೆ ಹಿಡಿದು ನಿಂತಿದ್ದ ಸೂಗಮ್ಮ ಒಳಗೆ ಇಣುಕಿದಳು. "ಇವ್ನೇನ್ರೀ ಸಾಹೇಬ್ರ? ಇವ್ನು ದೇವ್ರಂಥ ಮನಷ್ಯಾರೀ! ಮುದುಕ್ರಿಗೆ ನೀರು ತಂದು ಕುಡಿಸ್ತಿದ್ದ. ಇವ್ನ್ಯಾಕ ಕದೀತಾನ?"

ಕನಕರಾಯನಿಗೆ ದಿಕ್ಕು ತಪ್ಪಿತು. ನಂಬಿಸಬೇಕೆಂಬ ಹಟದಲ್ಲಿ ಅವನು ಒಂದೊಂದೇ ಕಳವು ಹೇಳತೊಡಗಿದ. ತುರ್ವಿಹಾಳದ ಪೇಂಟರನ ಫೋನು, ಎರಡನೇ ಮಹಡಿಯಲ್ಲಿ ಒಬ್ಬ ಮೇಷ್ಟ್ರ ವಾಚು, ಎಕ್ಸ್‌ರೇ ಕೋಣೆಯ ಮುಂದೆ ಕೂತಿದ್ದ ಹೆಂಗಸಿನ ಕಾಲುಂಗುರದ ಪೊಟ್ಟಣ. ಹೇಳುತ್ತ ಹೇಳುತ್ತ ಅವನ ದನಿ ಏರಿತು. "ನಿನ್ನೆ ಹನ್ನೊಂದಕ್ಕ ಹೆರಿಗಿ ವಾರ್ಡಿಗೆ ಬಂದಿದ್ದೆ. ಬೇಕಾದ್ರ ಯಾರನ್ನರ ಕೇಳ್ರಿ."

"ಕೇಳೋದ್ಯಾಕ?" ಎಂದ ಮ್ಯಾನೇಜರ್. "ಆ ಬಾಗಿಲಿಗೆ ಮೂರು ತಿಂಗಳಾತು ಕ್ಯಾಮೆರಾ ಹಾಕಿ. ನಿನ್ನೆ ನೆಟ್‌ವರ್ಕ್ ಕೆಟ್ಟು ನೋಡಾಕ ಆಗಿದ್ದಿಲ್ಲ, ಹುಡುಗ ಈಗ ಸರಿ ಮಾಡ್ಯಾನ. ಪೊಲೀಸ್ರೂ ಬರ್ಲಿ, ಕೂಡಿ ನೋಡೋಣು."

ಇನ್ಸ್‌ಪೆಕ್ಟರ್ ಬಂದ ಮೇಲೆ ಎಲ್ಲರೂ ಕಂಪ್ಯೂಟರ್ ಪರದೆಯ ಮುಂದೆ ನಿಂತರು. ಅಲ್ಲಿ ಜ್ಯೋತಿ ಮಂಚದಿಂದ ಚೀಲ ಎತ್ತಿ ಬಾಗಿಲ ಪಕ್ಕದ ಸ್ಟೂಲಿನ ಮೇಲೆ ಇಡುತ್ತಾಳೆ. ತಿರುಗಿ ನಿಲ್ಲುತ್ತಾಳೆ. ಎರಡು ನಿಮಿಷ ಕಳೆಯುವುದರೊಳಗೆ ಬಿಳಿ ಅಂಗಿಯ ಮನುಷ್ಯ ಬರುತ್ತಾನೆ, ಎತ್ತಿಕೊಂಡು ಹೋಗುತ್ತಾನೆ. ಕನಕರಾಯ "ನೋಡ್ರಿ, ನಾನ, ನಾನ" ಎಂದು ಪರದೆಗೆ ಬೆರಳು ಒತ್ತಿದ. ನಂಬಿದರಲ್ಲ ಎಂದು ಒಂದು ಕ್ಷಣ ಅವನ ಜೀವ ಹಗುರಾಯಿತು.

ಪರದೆ ಇನ್ನೂ ಓಡುತ್ತಿತ್ತು. ಬಿಳಿ ಅಂಗಿಯವನು ಬಾಗಿಲು ದಾಟುವಾಗ ಜ್ಯೋತಿ ತಲೆ ಹೊರಳಿಸಿದಳು. ಹೋಗುವವನ ಬೆನ್ನನ್ನು ನೋಡಿದಳು. ಬರಿದಾದ ಸ್ಟೂಲನ್ನು ನೋಡಿದಳು. ಮತ್ತೆ ನಿಧಾನವಾಗಿ ಬಿಪಿ ಯಂತ್ರದ ಕಡೆ ತಿರುಗಿದಳು.

ಇನ್ಸ್‌ಪೆಕ್ಟರ್ ಪರದೆಯನ್ನು ಅಲ್ಲಿಗೇ ನಿಲ್ಲಿಸಿದ. "ನೀನ ಇಟ್ಟಿ, ನಿಮ್ಮಪ್ಪ ಎತ್ತಿದ. ನೀ ನೋಡಿದಿ ಬ್ಯಾರೆ. ಯಾಕ ಒದರಲಿಲ್ಲ?"

"ಅಕಿ ನನ್ನ ನೋಡಿಲ್ರೀ!" ಎಂದ ಕನಕರಾಯ. "ನೋಡಿಲ್ಲ ಅನ್ನವ್ವ. ಯಾರೋ ಗೊತ್ತಾಗ್ಲಿಲ್ಲ ಅನ್ನು."

ಜ್ಯೋತಿ ಆಗ ಅಪ್ಪನ ಮುಖ ನೋಡಿದಳು. ಸಿಟ್ಟಿರಲಿಲ್ಲ, ಅಳುವಿರಲಿಲ್ಲ. "ನೋಡಿದೆ ರೀ ಸರ್" ಎಂದಳು ಇನ್ಸ್‌ಪೆಕ್ಟರನಿಗೆ. "ನಮ್ಮಪ್ಪ ಅಂತ ಗೊತ್ತಾತು. ಅದಕ್ಕ ಒದರಲಿಲ್ಲ. ಅಪ್ಪಗ ಇಲ್ಲಿ ಯಾವ ನೌಕರೀನೂ ಇದ್ದಿಲ್ಲ ಅಂತ ಸೂಗಮ್ಮನ್ನ ಕೇಳಿದಾಗಿಂದ ಗೊತ್ತಿತ್ತು. ನಿನ್ನೆ ಮನ್ಯಾಗ ಹೇಳಿದ್ದೆ, ತಂದು ಇಟ್ರ ಸಾಕು ಅಂತ. ತಂದು ಇಡ್ತಾನ ಅಂದ್ಕಂಡಿದ್ದೆ."

ಕನಕರಾಯನಿಗೆ ನಿನ್ನೆಯ ಆ ಮಾತು ತನಗೇ ಹೇಳಿದ್ದೆಂದು ಆಗ ಅರ್ಥವಾಯಿತು. ಕೂರಲು ಕುರ್ಚಿ ಹುಡುಕಿದ. ಸಿಗಲಿಲ್ಲ, ನೆಲದ ಮೇಲೇ ಕೂತ. ಆದೆಮ್ಮ ಸೆರಗು ಬಾಯಿಂದ ತೆಗೆದು, "ಅಪ್ಪ ಮಗಳು ಕೂಡೇ ಮಾಡ್ಯಾರ ನೋಡ್ರಿ" ಎಂದಳು. ಆ ಕೋಣೆಯಲ್ಲಿ ಯಾರೂ ಅಲ್ಲವೆನ್ನಲಿಲ್ಲ. ಅಪ್ಪನೆಂದು ಹೇಳದೆ ಬರೀ ಕಳ್ಳನೆಂದು ಹೇಳಿ ಕೈ ಮುಂದೆ ಚಾಚಿದ್ದರೆ ಸಾಕಿತ್ತು ಎಂದು ಅವನು ಆಮೇಲೆ ಜೈಲಿನಲ್ಲಿ ದಿನಕ್ಕೆ ನೂರು ಸಲ ಅಂದುಕೊಂಡ.

ಜ್ಯೋತಿಯ ಮೇಲೆ ಪೊಲೀಸರು ಕೇಸು ಹಾಕಲಿಲ್ಲ. ಎರಡು ದಿನ ಠಾಣೆಗೆ ಕರೆಸಿ, ಬರೆಸಿಕೊಂಡು ಬಿಟ್ಟರು. ನರ್ಸಿಂಗ್ ಶಾಲೆ ಮಾತ್ರ ಅವಳ ಹೆಸರು ತೆಗೆಯಿತು. ಬೇರೆ ಶಾಲೆಯಲ್ಲಿ ಕೇಳಲು ಯಮನಮ್ಮ ಮಗಳನ್ನು ಕರೆದುಕೊಂಡು ಹೋದಳು. ಅಷ್ಟರಲ್ಲಿ ಆ ಪರದೆಯ ದೃಶ್ಯ ಎಲ್ಲರ ಫೋನಿನಲ್ಲಿ ಓಡಾಡಿತ್ತು. ಆ ಶಾಲೆಯ ಗುಮಾಸ್ತ ಜ್ಯೋತಿಯ ಮುಖ ನೋಡಿ ತನ್ನ ಫೋನು ನೋಡಿದ.

ನಾಲ್ಕು ತಿಂಗಳಿಗೆ ಜಾಮೀನು ಸಿಕ್ಕಿ ಕನಕರಾಯ ಮಸ್ಕಿಗೆ ಬಂದ. ಹಗಲು ಹೊತ್ತಿನಲ್ಲೇ ಓಣಿಗೆ ಕಾಲಿಟ್ಟ. ಶಾವಲಿ ತಲೆ ಎತ್ತದೆ ಟೈರು ಬಿಚ್ಚುತ್ತಿದ್ದ. ಯಮನಮ್ಮ ಬಾಗಿಲಿನಿಂದ ಪಕ್ಕಕ್ಕೆ ಸರಿದು ದಾರಿ ಬಿಟ್ಟಳು. ಅವತ್ತಿನಿಂದ ಅವಳು ತಾಟು ಮುಂದಿಡುತ್ತಿದ್ದಳು, ಮಾತಾಡುತ್ತಿರಲಿಲ್ಲ. ಜ್ಯೋತಿ ಭತ್ತದ ನಾಟಿಯ ಕೂಲಿಗೆ ಹೋಗತೊಡಗಿದ್ದಳು. ಕಾಲುವೆಗೆ ನೀರು ಬಿಟ್ಟಿದ್ದರು. ಗೊರೇಬಾಳದ ಗದ್ದೆಗಳಿಗೆ ದಿನವೂ ಹೆಂಗಸರ ಗುಂಪು ಹೋಗುತ್ತಿತ್ತು. ಅವಳ ಕಾಲ್ಬೆರಳ ಸಂದುಗಳು ಕೆಸರಿಗೆ ಕೊಳೆತು ಬೆಳ್ಳಗಾಗಿದ್ದವು. ಒಂದು ಸಂಜೆ ಅವನು ಮುಲಾಮು ತಂದು ಅವಳ ಹತ್ತಿರ ಇಟ್ಟ. ಅವಳು ಅದನ್ನು ತೆಗೆದು, ತಯಾರಾದ ತಾರೀಖು ನೋಡಿ, "ಬಿಲ್ಲು ಐತೇನು?" ಎಂದು ಕೇಳಿದಳು. ಬಿಲ್ಲು ಅವನ ಹತ್ತಿರ ಇರಲಿಲ್ಲ. ನಿಜಕ್ಕೂ ಕೊಂಡು ತಂದಿದ್ದ, ಅಂಗಡಿಯವನು ಚೀಟಿ ಕೊಟ್ಟಿರಲಿಲ್ಲ. ಹೇಳಲು ಬಾಯಿ ತೆರೆದ. ಅವಳು ಮುಲಾಮನ್ನು ಅವನ ಕಡೆಗೇ ಸರಿಸಿ ಎದ್ದುಹೋದಳು.

ಸಿಂಧನೂರು ಕೋರ್ಟಿನಲ್ಲಿ ತಾರೀಖು ಇದ್ದ ದಿನ ಅವನು ಎಂಟರ ಬಸ್ಸು ಹತ್ತಿದ. ನಾಟಿಯವರ ಆಟೋ ಕೆಟ್ಟಿತ್ತೋ ಏನೋ, ಗೊರೇಬಾಳಕ್ಕೆ ಹೋಗುವ ಹೆಂಗಸರೆಲ್ಲ ಅದೇ ಬಸ್ಸಿನಲ್ಲಿದ್ದರು. ಜ್ಯೋತಿ ಮಧ್ಯದ ಸೀಟಿನ ತುದಿಯಲ್ಲಿ ಕೂತಿದ್ದಳು, ಬುತ್ತಿಯ ಗಂಟನ್ನು ಪಕ್ಕದಲ್ಲಿ ಇಟ್ಟುಕೊಂಡಿದ್ದಳು. ಅವನು ಹತ್ತಿದ್ದನ್ನು ಮೊದಲು ಕಂಡವಳು ಮುಂದಿನ ಸೀಟಿನ ಮುದುಕಿ. ಕಾಲ ಬಳಿಯಿದ್ದ ಚೀಲವನ್ನು ಎತ್ತಿ ಮಡಿಲಲ್ಲಿ ಇಟ್ಟುಕೊಂಡಳು. ಅವಳನ್ನು ನೋಡಿ ಹಿಂದಿನವಳು, ಅವಳ ಹಿಂದಿನವಳು. ಕನಕರಾಯ ಕಂಬಿ ಹಿಡಿದು ಒಂದೊಂದೇ ಸೀಟು ದಾಟಿ ಹಿಂದಕ್ಕೆ ನಡೆದ. ಮಗಳ ಹತ್ತಿರ ಬಂದಾಗ ಅವಳು ಕಿಟಕಿಯ ಹೊರಗೆ ನೋಡುತ್ತಲೇ ಕೈ ಚಾಚಿ ಬುತ್ತಿಯ ಗಂಟನ್ನು ತೊಡೆಯ ಮೇಲೆ ಎಳೆದುಕೊಂಡಳು.

ಅವನು ಕೊನೆಯ ಸೀಟಿನಲ್ಲಿ ಕೂತ. ಕಂಡಕ್ಟರ್ ಬಂದು ಎಲ್ಲಿಗೆ ಎಂದು ಎರಡು ಸಲ ಕೇಳಿದ ಮೇಲೆ "ಸಿಂಧನೂರು" ಎಂದ. ಗೊರೇಬಾಳದಲ್ಲಿ ಹೆಂಗಸರು ಇಳಿದರು. ಜ್ಯೋತಿ ಸೀರೆ ಎತ್ತಿ ಸೊಂಟಕ್ಕೆ ಸಿಕ್ಕಿಸಿಕೊಂಡು ಗದ್ದೆಯ ಬದುವಿನ ಮೇಲೆ ಎಲ್ಲರ ಹಿಂದೆ ನಡೆದಳು. ಬಸ್ಸು ಹೊರಟಿತು. ಕೋರ್ಟಿಗೆ ಹನ್ನೊಂದಕ್ಕೆ ಹೋಗಬೇಕಿತ್ತು, ಅವನು ಒಂಬತ್ತೂವರೆಗೇ ಹೋಗಿ ಬೇವಿನ ಮರದ ಕೆಳಗೆ ನಿಂತ.